ದರ್ಜಿಯೊಬ್ಬರು ಅಮೆರಿಕದ ಅಧ್ಯಕ್ಷರಾಗಿದ್ದು ನಿಜವೇ?

ಪ್ರಶ್ನೆ: ನನ್ನ ಮಗಳು ಬಿ.ಎ. ಓದುತ್ತಿದ್ದಾಳೆ, ಕಾಲೇಜಿನ ಕ್ವಿಜ್ ತಂಡದಲ್ಲಿದ್ದಾಳೆ. ಅಮೆರಿಕದ ಅಧ್ಯಕ್ಷರ ಬಗ್ಗೆ ವಾಟ್ಸಾಪ್‌ನಲ್ಲಿ ಬಂದ ಉದ್ದನೆಯ ಪಟ್ಟಿಯೊಂದನ್ನು ಬಾಯಿಪಾಠ ಮಾಡುತ್ತಿದ್ದಾಳೆ. ವಾಷಿಂಗ್ಟನ್‌ಗೆ ಮರದ ಹಲ್ಲಿತ್ತು, ಟಾಫ್ಟ್ ಸ್ನಾನದ ತೊಟ್ಟಿಯಲ್ಲಿ ಸಿಕ್ಕಿಹಾಕಿಕೊಂಡಿದ್ದರು, ಲಿಂಕನ್ ಅವರ ಕಾರ್ಯದರ್ಶಿಯ ಹೆಸರು ಕೆನಡಿ, ಆಂಡ್ರೂ ಜಾನ್ಸನ್ ದರ್ಜಿಯಾಗಿದ್ದರು, ಹೀಗೆ. ಇದರಲ್ಲಿ ಯಾವುದು ನಿಜ? ಇಂಥದ್ದನ್ನೆಲ್ಲ ಕಲಿತರೆ ಏನಾದರೂ ಪ್ರಯೋಜನ ಇದೆಯಾ? (ಓದುಗರೊಬ್ಬರು, ಹಾಸನ)

ಉತ್ತರ: ನೀವು ಬರೆದ ನಾಲ್ಕರಲ್ಲಿ ದರ್ಜಿಯ ಮಾತು ಮಾತ್ರ ನಿಜ. ಉಳಿದ ಮೂರನ್ನು ಮಗಳು ಪಟ್ಟಿಯಿಂದ ಹೊಡೆದುಹಾಕಲಿ. ಆದರೆ ಹೊಡೆದುಹಾಕುವ ಮೊದಲು ಅದರ ಹಿಂದೆ ಏನಿದೆ ಅಂತ ನೋಡಲಿ. ಸುಳ್ಳಿನ ಪಕ್ಕದಲ್ಲೇ ಅದಕ್ಕಿಂತ ದೊಡ್ಡ ನಿಜ ಕೂತಿರುತ್ತದೆ.

ಮೊದಲು ಹಲ್ಲಿನ ವಿಷಯ. ವಾಷಿಂಗ್ಟನ್‌ಗೆ ಹಲ್ಲಿನ ಕಾಟ ಬಹಳ ವರ್ಷ ಇತ್ತು. 1789ರಲ್ಲಿ ಪ್ರಮಾಣವಚನ ತೆಗೆದುಕೊಳ್ಳುವಾಗ ಬಾಯಲ್ಲಿ ಉಳಿದಿದ್ದ ಸ್ವಂತ ಹಲ್ಲು ಒಂದೇ ಒಂದು. ಅವರು ಕಟ್ಟಿಸಿಕೊಂಡ ಸೆಟ್ಟುಗಳಲ್ಲಿ ನೀರಾನೆಯ ದಂತ, ಸೀಸ, ಪ್ರಾಣಿಗಳ ಹಲ್ಲು, ಮನುಷ್ಯರ ಹಲ್ಲು ಎಲ್ಲ ಇತ್ತು. ಮರ ಇರಲಿಲ್ಲ. ದಂತಕ್ಕೆ ಕಲೆ ಹಿಡಿದು ಸಣ್ಣ ಸೀಳು ಬಿದ್ದರೆ ಮರದ ಹಾಗೆ ಕಾಣುತ್ತದೆ, ಕಥೆ ಅಲ್ಲಿಂದ ಹುಟ್ಟಿರಬೇಕು. ಆದರೆ ವಾಷಿಂಗ್ಟನ್ ಅವರ ಮೌಂಟ್ ವರ್ನನ್ ಎಸ್ಟೇಟಿನ 1784ರ ಲೆಕ್ಕದಲ್ಲಿ ಒಂದು ಸಾಲು ಇದೆ: ಒಂಬತ್ತು ಹಲ್ಲುಗಳಿಗಾಗಿ ಕಪ್ಪು ಜನರಿಗೆ ಕೊಟ್ಟ ಹಣ. ಗುಲಾಮರಾಗಿದ್ದ ಮನುಷ್ಯರ ಬಾಯಿಂದ ಕಿತ್ತ ಹಲ್ಲು ಅದು. ತರಗತಿಯಲ್ಲಿ ಆ ಸಾಲನ್ನು ಹೇಳಿದ ಮೇಲೆ ಗುಲಾಮಗಿರಿ ಅಂದರೇನು ಅಂತ ನಾನು ಬೇರೆ ವಿವರಿಸಬೇಕಾಗುತ್ತಿರಲಿಲ್ಲ.

ಟಾಫ್ಟ್ ದಪ್ಪಗಿದ್ದರು. 150 ಕಿಲೋ ಹತ್ತಿರ ತೂಗುತ್ತಿದ್ದರು. ಅವರಿಗಾಗಿ ನಾಲ್ಕು ಜನ ಆರಾಮಾಗಿ ಕೂರುವಷ್ಟು ದೊಡ್ಡ ಸ್ನಾನದ ತೊಟ್ಟಿ ಮಾಡಿಸಿದ್ದೂ ನಿಜ. ಅದರಲ್ಲಿ ಕೆಲಸಗಾರರು ಕೂತಿರುವ ಫೋಟೋ ಇದೆ. ಆದರೆ ಅವರು ತೊಟ್ಟಿಯಲ್ಲಿ ಸಿಕ್ಕಿಹಾಕಿಕೊಂಡರು ಅನ್ನುವುದಕ್ಕೆ ಆ ಕಾಲದ ಒಂದು ದಾಖಲೆಯೂ ಇಲ್ಲ. ಟಾಫ್ಟ್ ಬಗ್ಗೆ ನೆನಪಿಡಬೇಕಾದ್ದು ಬೇರೆ. ಅವರಿಗೆ ಜೀವನದಲ್ಲಿ ನಿಜವಾಗಿ ಬೇಕಿದ್ದದ್ದು ನ್ಯಾಯಾಧೀಶರ ಕುರ್ಚಿ. ಅಧ್ಯಕ್ಷಗಿರಿ ಮುಗಿದು ಎಂಟು ವರ್ಷದ ಮೇಲೆ, 1921ರಲ್ಲಿ, ಅದು ಸಿಕ್ಕಿತು. ದೇಶದ ಅಧ್ಯಕ್ಷರೂ ಆಗಿ ಸುಪ್ರೀಂ ಕೋರ್ಟಿನ ಮುಖ್ಯ ನ್ಯಾಯಮೂರ್ತಿಯೂ ಆದವರು ಇವತ್ತಿನವರೆಗೆ ಅವರೊಬ್ಬರೇ.

ಇನ್ನು ಲಿಂಕನ್ ಮತ್ತು ಕೆನಡಿ. ಕೆನಡಿ ಅವರ ಕಾರ್ಯದರ್ಶಿಯ ಅಡ್ಡಹೆಸರು ಲಿಂಕನ್ ಅನ್ನುವುದು ನಿಜ, ಎವೆಲಿನ್ ಲಿಂಕನ್ ಅಂತ. ಅದನ್ನು ತಿರುಗಿಸಿ ಯಾರೋ ಲಿಂಕನ್‌ಗೂ ಒಬ್ಬ ಕೆನಡಿಯನ್ನು ಕಟ್ಟಿದ್ದಾರೆ. ಲಿಂಕನ್ ಅವರ ಕಾರ್ಯದರ್ಶಿಗಳು ಜಾನ್ ನಿಕೊಲೆ ಮತ್ತು ಜಾನ್ ಹೇ. ಅದೇ ಲಿಂಕನ್ ಹೆಸರಲ್ಲಿ ಒಂದು ಪೇಟೆಂಟ್ ಇದೆ ಅಂತ ಯಾವ ಫಾರ್ವರ್ಡ್ ಮೆಸೇಜೂ ಹೇಳುವುದಿಲ್ಲ. ಹೊಳೆಯಲ್ಲಿ ಮರಳದಿಬ್ಬಕ್ಕೆ ಸಿಕ್ಕಿಬಿದ್ದ ದೋಣಿಯನ್ನು ಗಾಳಿಚೀಲಗಳಿಂದ ಮೇಲೆತ್ತುವ ಉಪಾಯಕ್ಕೆ 1849ರಲ್ಲಿ ಪಡೆದದ್ದು, ಸಂಖ್ಯೆ 6469. ಪೇಟೆಂಟ್ ಪಡೆದ ಅಧ್ಯಕ್ಷರು ಇನ್ನೊಬ್ಬರಿಲ್ಲ. ಹರೆಯದಲ್ಲಿ ದೋಣಿಯಲ್ಲಿ ಸರಕು ಸಾಗಿಸಿ, ಸಿಕ್ಕಿಬಿದ್ದು ಪರದಾಡಿದವರಿಗೆ ಮಾತ್ರ ಹೊಳೆಯುವ ಉಪಾಯ ಅದು.

ಪ್ರಯೋಜನ ಇದೆಯಾ ಅಂತ ಕೇಳಿದ್ದೀರಿ. ಖಂಡಿತ ಇದೆ. ಮೂವತ್ತು ವರ್ಷ ಪದವಿ ಕಾಲೇಜಿನಲ್ಲಿ ಅಮೆರಿಕದ ಇತಿಹಾಸ ಪಾಠ ಮಾಡಿದವನ ಮಾತು ಇದು. ಮಧ್ಯಾಹ್ನ ಊಟ ಆದ ಮೇಲಿನ ಪೀರಿಯಡ್‌ನಲ್ಲಿ ಅಂತರ್ಯುದ್ಧದ ನಂತರದ ಕಾನೂನುಗಳನ್ನು ಹೇಳಿದರೆ ಅರ್ಧ ತರಗತಿ ತೂಕಡಿಸುತ್ತಿತ್ತು. ಅಧ್ಯಕ್ಷರೊಬ್ಬರು ಬಟ್ಟೆ ಹೊಲಿಯುತ್ತಿದ್ದರು ಅಂದ ತಕ್ಷಣ ಎಲ್ಲರೂ ತಲೆ ಎತ್ತುತ್ತಿದ್ದರು. ಆದ್ದರಿಂದ ನಿಮ್ಮ ಮಗಳಿಗೆ ನಾನು ಹೇಳುವುದು ಇಷ್ಟು: ಪ್ರತಿಯೊಬ್ಬ ಅಧ್ಯಕ್ಷರ ಬಗ್ಗೆ ಎರಡು ಪ್ರಶ್ನೆ ಕೇಳಿಕೊಳ್ಳಮ್ಮ. ಅಧಿಕಾರಕ್ಕೆ ಬರುವ ಮೊದಲು ಹೊಟ್ಟೆಪಾಡಿಗೆ ಏನು ಮಾಡುತ್ತಿದ್ದರು? ಕುರ್ಚಿ ಬಿಟ್ಟ ಮೇಲೆ ಏನು ಮಾಡಿದರು? ಈ ಎರಡಕ್ಕೆ ಉತ್ತರ ಸಿಕ್ಕಿದರೆ ಮಧ್ಯದ ನಾಲ್ಕೋ ಎಂಟೋ ವರ್ಷ ತಾನಾಗಿ ಅರ್ಥವಾಗುತ್ತದೆ.

ಆಂಡ್ರೂ ಜಾನ್ಸನ್ ಅವರನ್ನೇ ನೋಡಿ. ನಾರ್ತ್ ಕ್ಯಾರೊಲೈನಾದ ರಾಲೀ ಊರಲ್ಲಿ 1808ರಲ್ಲಿ ಹುಟ್ಟಿದರು. ಮೂರು ವರ್ಷದವರಿದ್ದಾಗ ಅಪ್ಪ ತೀರಿಕೊಂಡರು. ಅಮ್ಮ ಕಂಡವರ ಬಟ್ಟೆ ಒಗೆದು ಮಕ್ಕಳನ್ನು ಸಾಕಿದರು. ಹುಡುಗ ಒಂದು ದಿನವೂ ಶಾಲೆಗೆ ಹೋಗಲಿಲ್ಲ. ಅಣ್ಣನ ಜೊತೆ ದರ್ಜಿಯೊಬ್ಬರ ಅಂಗಡಿಗೆ ಸೇರಿಸಿದರು. 21 ವರ್ಷ ತುಂಬುವವರೆಗೆ ಅಲ್ಲೇ ಇರಬೇಕು ಅಂತ ಕರಾರು. ನಮ್ಮ ಕಡೆಯ ಜೀತಕ್ಕೆ ಬಹಳ ದೂರದ್ದೇನೂ ಅಲ್ಲ. ಆದರೆ ಆ ಅಂಗಡಿಯಲ್ಲಿ ಒಂದು ಒಳ್ಳೆಯ ರೂಢಿ ಇತ್ತು. ದರ್ಜಿಗಳು ಹೊಲಿಯುತ್ತಾ ಕೂತಿರುವಾಗ ಊರಿನವರು ಯಾರಾದರೂ ಬಂದು ಪುಸ್ತಕ ಓದಿ ಹೇಳುತ್ತಿದ್ದರು. ಹುಡುಗನಿಗೆ ಭಾಷಣಗಳ ಹುಚ್ಚು ಹತ್ತಿದ್ದು ಅಲ್ಲಿ, ಅಕ್ಷರ ಕೂಡಿಸಿ ಓದಲು ಕಲಿತದ್ದೂ ಅಲ್ಲೇ.

1824ರಲ್ಲಿ ಅಣ್ಣ ತಮ್ಮ ಇಬ್ಬರೂ ಓಡಿಹೋದರು. ಯಜಮಾನ ಪತ್ರಿಕೆಯಲ್ಲಿ ಜಾಹೀರಾತು ಹಾಕಿಸಿದ, ಹಿಡಿದು ತಂದವರಿಗೆ 10 ಡಾಲರ್ ಬಹುಮಾನ. ಕೊನೆಗೆ 1826ರಲ್ಲಿ ಅಮ್ಮ ಮತ್ತು ಮಲತಂದೆಯ ಜೊತೆ, ಇದ್ದಬದ್ದ ಸಾಮಾನನ್ನೆಲ್ಲ ಗಾಡಿಗೆ ಹಾಕಿಕೊಂಡು ಬೆಟ್ಟ ದಾಟಿ ಟೆನೆಸೀಗೆ ಹೋದರು. ಗ್ರೀನ್‌ವಿಲ್ ಅನ್ನುವ ಸಣ್ಣ ಊರಲ್ಲಿ ಸ್ವಂತ ಅಂಗಡಿ ಇಟ್ಟರು. ಮರು ವರ್ಷ ಎಲೈಜಾ ಮೆಕಾರ್ಡಲ್ ಅವರನ್ನು ಮದುವೆಯಾದರು. ಗಂಡ ಸೂಜಿ ಹಿಡಿದು ಕೂತರೆ ಹೆಂಡತಿ ಪಕ್ಕದಲ್ಲಿ ಕೂತು ಓದಿ ಹೇಳುವುದು, ಬರೆಯುವುದನ್ನೂ ಲೆಕ್ಕವನ್ನೂ ಕಲಿಸುವುದು. ಆ ಅಂಗಡಿ ಇವತ್ತಿಗೂ ಇದೆ. ಹಾಳಾಗದಿರಲಿ ಅಂತ ಅದರ ಸುತ್ತ ಇಟ್ಟಿಗೆ ಕಟ್ಟಡವನ್ನೇ ಕಟ್ಟಿ ಒಳಗೆ ಉಳಿಸಿಕೊಂಡಿದ್ದಾರೆ.

ಈ ಪಾಠ ಮಾಡಿದ ಮಾರನೇ ದಿನ ನನ್ನ ವಿದ್ಯಾರ್ಥಿಯೊಬ್ಬ ಬಂದು, "ಸಾರ್, ನಮ್ಮಪ್ಪ ಟೈಲರ್. ನಿನ್ನೆ ರಾತ್ರಿ ಹೇಳಿದೆ. ಆ ಕಾಲಕ್ಕೆ ಮೆಷಿನ್ ಇತ್ತಾ ಅಂತ ಕೇಳ್ತಿದ್ದಾರೆ" ಅಂದ. ಎಷ್ಟು ಒಳ್ಳೆಯ ಪ್ರಶ್ನೆ ಅಲ್ವಾ? ಇರಲಿಲ್ಲ. ಅಮೆರಿಕದಲ್ಲಿ ಎಲಿಯಾಸ್ ಹೋವ್ ಹೊಲಿಗೆ ಯಂತ್ರಕ್ಕೆ ಪೇಟೆಂಟ್ ಪಡೆದದ್ದು 1846ರಲ್ಲಿ. ಅಷ್ಟು ಹೊತ್ತಿಗೆ ಜಾನ್ಸನ್ ಕಾಂಗ್ರೆಸ್, ಅಂದರೆ ಅಮೆರಿಕದ ಸಂಸತ್ತಿನ, ಸದಸ್ಯರಾಗಿ ಮೂರು ವರ್ಷ ಆಗಿತ್ತು. ಅಂದರೆ ಅವರು ಹೊಲಿದ ಪ್ರತಿಯೊಂದು ಕೋಟೂ ಕೈಹೊಲಿಗೆ. ಕಾಜಾ, ಗುಂಡಿ, ಅಸ್ತರು ಎಲ್ಲ ಕೈಯಲ್ಲೇ. ನಾನು ಅಷ್ಟು ವರ್ಷ ಪಾಠ ಮಾಡಿದ್ದರೂ ಇದನ್ನು ಯೋಚಿಸಿರಲಿಲ್ಲ. ತನ್ನ ಕಸುಬು ಬಲ್ಲ ಒಬ್ಬರು ಒಂದೇ ಮಾತಲ್ಲಿ ತೋರಿಸಿಕೊಟ್ಟರು.

ಮುಂದಿನದು ಸುಲಭಕ್ಕೆ ಮೆಚ್ಚುವ ಕಥೆಯಲ್ಲ. ಜಾನ್ಸನ್ ಊರಿನ ಮೇಯರ್, ರಾಜ್ಯದ ಗವರ್ನರ್, ಸೆನೆಟರ್ ಎಲ್ಲ ಆಗಿ 1865ರ ಮಾರ್ಚ್‌ನಲ್ಲಿ ಉಪಾಧ್ಯಕ್ಷರಾದರು. ಆರೇ ವಾರದಲ್ಲಿ ಲಿಂಕನ್ ಹತ್ಯೆಯಾಗಿ ಅಧ್ಯಕ್ಷಗಿರಿ ಇವರ ಕೈಗೆ ಬಂತು. ಬಡ ಬಿಳಿಯರ ಕಷ್ಟ ಇವರಿಗೆ ಚೆನ್ನಾಗಿ ಗೊತ್ತಿತ್ತು. ಆದರೆ ಆಗತಾನೆ ಬಿಡುಗಡೆಯಾದ ನಲವತ್ತು ಲಕ್ಷ ಕಪ್ಪು ಜನರ ಕಷ್ಟ ಮನಸ್ಸಿಗೆ ತಟ್ಟಲಿಲ್ಲ. ಅವರಿಗೆ ನಾಗರಿಕ ಹಕ್ಕು ಕೊಡುವ 1866ರ ಮಸೂದೆಗೆ ಸಹಿ ಹಾಕದೆ ವಾಪಸ್ ಕಳಿಸಿದರು. ಕಾಂಗ್ರೆಸ್ ಅವರನ್ನು ಮೀರಿ ಅದನ್ನು ಕಾನೂನು ಮಾಡಿತು. ಓಡಿಹೋದ ಹುಡುಗನ ತಲೆಗೆ ಬೆಲೆ ಕಟ್ಟಿದ ಜಾಹೀರಾತನ್ನು ಸ್ವತಃ ಅನುಭವಿಸಿದವರು ಮುಂದೆ ತಾವೇ ಗುಲಾಮರನ್ನು ಇಟ್ಟುಕೊಂಡಿದ್ದರು. ಇದನ್ನು ಯೋಚಿಸಿದಾಗಲೆಲ್ಲ ನನಗೆ ಬೇಸರವಾಗುತ್ತದೆ. 1868ರಲ್ಲಿ ಅವರ ಮೇಲೆ ಮಹಾಭಿಯೋಗ ನಡೆಯಿತು. ಸೆನೆಟ್‌ನಲ್ಲಿ 35 ಮತ ವಿರುದ್ಧ, 19 ಮತ ಪರ. ಇಳಿಸಲು 36 ಬೇಕಿತ್ತು. ಒಂದು ಮತದಲ್ಲಿ ಉಳಿದುಕೊಂಡರು. 1875ರಲ್ಲಿ ಅದೇ ಸೆನೆಟ್‌ಗೆ ಸದಸ್ಯರಾಗಿ ಮರಳಿದರು. ಅಧ್ಯಕ್ಷರಾಗಿದ್ದ ಮೇಲೆ ಸೆನೆಟರ್ ಆದವರು ಬೇರೆ ಯಾರೂ ಇಲ್ಲ. ಕ್ವಿಜ್‌ನಲ್ಲಿ ಇದು ಬರುತ್ತದೆ, ಬರೆದುಕೊಳ್ಳಲಿ.

ಜೇಮ್ಸ್ ಗಾರ್ಫೀಲ್ಡ್ ಕಥೆ ಇದಕ್ಕೆ ಪೂರ್ತಿ ಬೇರೆ. ನನಗೆ ತುಂಬ ಇಷ್ಟವಾದದ್ದು. ಅವರೂ ಓಹಾಯೋದ ಮರದ ದಿಮ್ಮಿಯ ಗುಡಿಸಲಲ್ಲಿ ಹುಟ್ಟಿ ಅಪ್ಪನನ್ನು ಬೇಗ ಕಳಕೊಂಡವರು. ಹದಿನಾರನೇ ವಯಸ್ಸಿಗೆ ಕಾಲುವೆ ದೋಣಿಯ ಕೆಲಸಕ್ಕೆ ಸೇರಿದರು. ದಡದ ಮೇಲೆ ಹೇಸರಗತ್ತೆಗಳನ್ನು ನಡೆಸುವುದು, ಅವು ಹಗ್ಗದಿಂದ ದೋಣಿ ಎಳೆಯುವುದು. ಈಜು ಬರದ ಹುಡುಗ ಎಷ್ಟೋ ಸಲ ನೀರಿಗೆ ಬಿದ್ದ. ಜ್ವರ ಹಿಡಿದು ಮನೆಗೆ ಬಂದ. ಅಮ್ಮ ಕೂಡಿಟ್ಟ ಕಾಸು ಕೊಟ್ಟು ಶಾಲೆಗೆ ಕಳಿಸಿದರು. ಆಮೇಲೆ ಹೈರಂ ಅನ್ನುವ ಊರಿನ ವಿದ್ಯಾಸಂಸ್ಥೆಗೆ ಸೇರಿದಾಗ ಫೀಸಿಗೆ ಬದಲಾಗಿ ಕಸ ಗುಡಿಸಿ ಗಂಟೆ ಹೊಡೆಯುವ ಕೆಲಸ ಮಾಡಿದರು. 26ನೇ ವಯಸ್ಸಿಗೆ ಅದೇ ಸಂಸ್ಥೆಗೆ ಮುಖ್ಯಸ್ಥರಾದರು!

ಅವರು ಕಾಂಗ್ರೆಸ್ ಸದಸ್ಯರಾಗಿದ್ದಾಗ ಪೈಥಾಗೊರಸ್ ಪ್ರಮೇಯಕ್ಕೆ ಹೊಸ ಸಾಧನೆ ಬರೆದರು. 1876ರಲ್ಲಿ ಒಂದು ಶಿಕ್ಷಣ ಪತ್ರಿಕೆಯಲ್ಲಿ ಅದು ಅಚ್ಚಾಯಿತು. ಎಸ್‌ಎಸ್‌ಎಲ್‌ಸಿ ಓದಿದ ಯಾರಿಗಾದರೂ ಅರ್ಥವಾಗುತ್ತದೆ. ಒಂದು ಹಾಳೆ ತೆಗೆದುಕೊಳ್ಳಿ. 3, 4, 5 ಅಳತೆಯ ಲಂಬಕೋನ ತ್ರಿಭುಜ ಎರಡು ಕತ್ತರಿಸಿ. ಒಂದನ್ನು 3ರ ಬಾಹು ನೆಲಕ್ಕೆ ತಾಗುವಂತೆ, ಇನ್ನೊಂದನ್ನು 4ರ ಬಾಹು ನೆಲಕ್ಕೆ ತಾಗುವಂತೆ ಅಕ್ಕಪಕ್ಕ ಇಡಿ. ಲಂಬಕೋನಗಳು ಎರಡು ಹೊರತುದಿಗೆ ಬರಲಿ, ಒಳಗಿನ ಮೂಲೆಗಳು ನೆಲದ ಮೇಲೆ ಒಂದೇ ಬಿಂದುವಿನಲ್ಲಿ ಸೇರಲಿ. ಈಗ ಎರಡರ ಮೇಲ್ತುದಿಗಳನ್ನು ಒಂದು ಗೆರೆ ಎಳೆದು ಸೇರಿಸಿ. ಸಿಗುವುದು ತ್ರಾಪಿಜ್ಯ. ಅದರ ಎರಡು ಸಮಾಂತರ ಬಾಹು 4 ಮತ್ತು 3, ನಡುವಿನ ದೂರ 7. ವಿಸ್ತೀರ್ಣ 7 ಗುಣಿಸು 7, ಅದರ ಅರ್ಧ, 24.5. ಎರಡು ತ್ರಿಭುಜದ ವಿಸ್ತೀರ್ಣ ತಲಾ 6, ಒಟ್ಟು 12. ಕಳೆದರೆ 12.5. ಮಧ್ಯೆ ಉಳಿದ ತ್ರಿಭುಜ ಅದೇ, ಎರಡು ಕಡೆ 5, ನಡುವೆ ಲಂಬಕೋನ, 25ರ ಅರ್ಧ. ಲೆಕ್ಕ ಸರಿಹೋಯಿತು. ಸಂಖ್ಯೆಯ ಬದಲು ಅಕ್ಷರ ಹಾಕಿದರೆ ಎಲ್ಲ ಲಂಬಕೋನ ತ್ರಿಭುಜಕ್ಕೂ ಸಾಧನೆ ಆಯಿತು.

ಇಂಥ ಮನುಷ್ಯ ಅಧ್ಯಕ್ಷರಾಗಿ ನಾಲ್ಕೇ ತಿಂಗಳಿಗೆ, 1881ರ ಜುಲೈ 2ರಂದು, ವಾಷಿಂಗ್ಟನ್‌ನ ರೈಲು ನಿಲ್ದಾಣದಲ್ಲಿ ಗುಂಡೇಟು ತಿಂದರು. ವೈದ್ಯರು ಕೈ ತೊಳೆಯದೆ ಗಾಯಕ್ಕೆ ಬೆರಳು ಹಾಕಿ ಹಾಕಿ ಗುಂಡು ಹುಡುಕಿದರು. ಟೆಲಿಫೋನ್ ಕಂಡುಹಿಡಿದ ಗ್ರಹಾಂ ಬೆಲ್ ಲೋಹ ಪತ್ತೆಯ ಯಂತ್ರ ತಂದು ನೋಡಿದರೂ ಸಿಗಲಿಲ್ಲ. ಗಾಯ ಕೀವಾಗಿ ಸೆಪ್ಟೆಂಬರ್ 19ರಂದು ತೀರಿಕೊಂಡರು. ಅವರು ಉಳಿದಿದ್ದರೆ ಏನೆಲ್ಲ ಮಾಡುತ್ತಿದ್ದರೋ ಅಂತ ನನಗೆ ಈಗಲೂ ಅನ್ನಿಸುತ್ತದೆ.

ಹ್ಯಾರಿ ಟ್ರೂಮನ್ ಅವರದ್ದು ಅಂಗಡಿ ಮುಳುಗಿಸಿಕೊಂಡ ಕಥೆ. ಮೊದಲ ಮಹಾಯುದ್ಧದಲ್ಲಿ ಸೈನ್ಯದ ಕ್ಯಾಂಟೀನ್ ನಡೆಸಿದಾಗ ಎಡ್ಡಿ ಜೇಕಬ್‌ಸನ್ ಅನ್ನುವ ಗೆಳೆಯ ಜೊತೆಗಿದ್ದರು. ಯುದ್ಧ ಮುಗಿದ ಮೇಲೆ 1919ರಲ್ಲಿ ಇಬ್ಬರೂ ಸೇರಿ ಕ್ಯಾನ್ಸಸ್ ಸಿಟಿಯಲ್ಲಿ ಗಂಡಸರ ಶರ್ಟು, ಟೈ, ಟೋಪಿ ಮಾರುವ ಅಂಗಡಿ ತೆಗೆದರು. ಮೊದಲ ವರ್ಷ ವ್ಯಾಪಾರ ಜೋರು. ಆಮೇಲೆ ಮಾರುಕಟ್ಟೆ ಕುಸಿಯಿತು, ದುಬಾರಿಗೆ ಕೊಂಡ ಮಾಲು ಕಪಾಟಿನಲ್ಲೇ ಉಳಿಯಿತು. 1922ರಲ್ಲಿ ಬಾಗಿಲು ಹಾಕಿದರು. ದಿವಾಳಿ ಅರ್ಜಿ ಹಾಕಿ ಕೈ ತೊಳೆದುಕೊಳ್ಳಬಹುದಿತ್ತು. ಟ್ರೂಮನ್ ಹಾಗೆ ಮಾಡದೆ ವರ್ಷಗಟ್ಟಲೆ ಸಾಲ ತೀರಿಸಿದರು.

ಆದರೆ ಆ ಪಾಲುದಾರಿಕೆ ಅಲ್ಲಿಗೆ ಮುಗಿಯಲಿಲ್ಲ. 1948ರ ಮಾರ್ಚ್‌ನಲ್ಲಿ ಟ್ರೂಮನ್ ಅಧ್ಯಕ್ಷರು. ಪ್ಯಾಲೆಸ್ಟೀನ್ ವಿಷಯ ಮಾತಾಡಲು ಬಂದವರ ಮೇಲೆಲ್ಲ ರೇಗುತ್ತಿದ್ದ ಕಾಲ. ಯಹೂದಿ ನಾಯಕ ಖೈಮ್ ವೈಜ್‌ಮನ್ ಅವರನ್ನೂ ನೋಡುವುದಿಲ್ಲ ಅಂದಿದ್ದರು. ಆಗ ಜೇಕಬ್‌ಸನ್ ಸೀದಾ ಶ್ವೇತಭವನಕ್ಕೆ ಬಂದರು. ಟ್ರೂಮನ್ ಕೋಣೆಯಲ್ಲಿ ಅವರ ಆರಾಧ್ಯ ನಾಯಕ, ಹಿಂದಿನ ಅಧ್ಯಕ್ಷ ಆಂಡ್ರೂ ಜಾಕ್ಸನ್ ಅವರ ಪುಟ್ಟ ಪ್ರತಿಮೆ ಇತ್ತು. ಅದನ್ನು ತೋರಿಸಿ, ನಿನಗೆ ಇವನು ಹೇಗೋ ನನಗೆ ವೈಜ್‌ಮನ್ ಹಾಗೆ ಅಂತ ಕೇಳಿಕೊಂಡರು. ಟ್ರೂಮನ್ ಕಿಟಕಿ ಕಡೆ ತಿರುಗಿ ಸ್ವಲ್ಪ ಹೊತ್ತು ಸುಮ್ನೆ ಕೂತು, ಕೊನೆಗೆ ಒಪ್ಪಿದರು. ಮೇ 14ರಂದು ಇಸ್ರೇಲ್ ಸ್ಥಾಪನೆಯಾದ 11 ನಿಮಿಷಕ್ಕೆ ಅಮೆರಿಕ ಅದನ್ನು ಮಾನ್ಯ ಮಾಡಿತು. ಇದಕ್ಕೆ ಚುನಾವಣೆ, ರಾಜತಂತ್ರ ಅಂತ ಬೇರೆ ಕಾರಣಗಳೂ ಇದ್ದವು. ಆದರೂ ಶ್ವೇತಭವನದ ಬಾಗಿಲು ತಟ್ಟಿ ಒಳಗೆ ಹೋಗುವ ಸಲುಗೆ ಇದ್ದದ್ದು ಹಳೇ ಅಂಗಡಿ ಪಾಲುದಾರನಿಗೆ.

ಹೂವರ್ ಅಂದರೆ ನಮ್ಮ ಪಠ್ಯದಲ್ಲಿ 1929ರ ಆರ್ಥಿಕ ಕುಸಿತ ಮಾತ್ರ. ಆದರೆ ಅವರು ಗಣಿ ಎಂಜಿನಿಯರ್. ಕೋಲಾರದ ಚಿನ್ನದ ಗಣಿಗಳನ್ನು ಲಂಡನ್ನಿನ ಜಾನ್ ಟೇಲರ್ ಕಂಪನಿ ನಡೆಸುತ್ತಿದ್ದ ಅದೇ ಕಾಲದಲ್ಲಿ, ಲಂಡನ್ನಿನ ಇನ್ನೊಂದು ಕಂಪನಿಗಾಗಿ ಪಶ್ಚಿಮ ಆಸ್ಟ್ರೇಲಿಯಾದ ಮರಳುಗಾಡಿನಲ್ಲಿ ಚಿನ್ನ ತೆಗೆಸುತ್ತಿದ್ದರು. ಆಮೇಲೆ ಚೀನಾಕ್ಕೆ ಹೋದರು. ಅವರೂ ಹೆಂಡತಿ ಲೂ ಅವರೂ ಸೇರಿ ಹದಿನಾರನೇ ಶತಮಾನದ ಗಣಿಶಾಸ್ತ್ರದ ಲ್ಯಾಟಿನ್ ಗ್ರಂಥವೊಂದನ್ನು ಇಂಗ್ಲಿಷ್‌ಗೆ ತಂದು 1912ರಲ್ಲಿ ಅಚ್ಚು ಮಾಡಿಸಿದರು.

ರೇಗನ್ ಸಿನಿಮಾ ನಟ ಅಂತ ಎಲ್ಲರಿಗೂ ಗೊತ್ತು. ಅದಕ್ಕಿಂತ ಮೊದಲು ಅಯೋವಾದ ರೇಡಿಯೋದಲ್ಲಿ ಬೇಸ್‌ಬಾಲ್ ಕಾಮೆಂಟರಿ ಹೇಳುತ್ತಿದ್ದರು, ಆಟ ನೋಡದೆಯೇ! ಶಿಕಾಗೋದಿಂದ ತಂತಿಯಲ್ಲಿ ಎರಡು ಪದ ಬರುವುದು. ಆಪರೇಟರ್ ಚೀಟಿ ಕೊಡುವುದು. ರೇಗನ್ ಅದಕ್ಕೆ ಜೀವ ತುಂಬಿ ಕಣ್ಣಾರೆ ಕಂಡ ಹಾಗೆ ಹೇಳುವುದು. ಒಂದು ದಿನ ತಂತಿ ಕಡಿದುಹೋಯಿತು. ಆಟ ನಿಂತಿದೆ ಅಂದರೆ ಕೇಳುಗರು ಬೇರೆ ಸ್ಟೇಷನ್‌ಗೆ ಹೋಗುತ್ತಾರೆ. ಬೇಸ್‌ಬಾಲ್‌ನಲ್ಲಿ ಫೌಲ್ ಹೊಡೆತ ಸ್ಕೋರಿಗೆ ಸೇರುವುದಿಲ್ಲ. ಹಾಗಾಗಿ ಬ್ಯಾಟರ್ ಒಂದಾದ ಮೇಲೊಂದು ಫೌಲ್ ಹೊಡೆಯುತ್ತಲೇ ಇದ್ದಾನೆ ಅಂತ ಆರು ನಿಮಿಷಕ್ಕೂ ಜಾಸ್ತಿ ಹೊತ್ತು ಹೇಳಿದರು. ತಂತಿ ಸರಿಯಾಗಿ ಚೀಟಿ ಬಂದಾಗ ನೋಡಿದರೆ ಆತ ಮೊದಲ ಎಸೆತಕ್ಕೇ ಔಟ್ ಆಗಿದ್ದ. ರೇಗನ್ ಇದನ್ನು ಜೀವನಪೂರ್ತಿ ಹೇಳಿಕೊಂಡು ಬಂದರು.

ಇನ್ನು ಕುರ್ಚಿ ಬಿಟ್ಟ ಮೇಲಿನ ಮಾತು. ಜಾನ್ ಕ್ವಿನ್ಸಿ ಆಡಮ್ಸ್ 1828ರ ಚುನಾವಣೆಯಲ್ಲಿ ಸೋತು 1829ರಲ್ಲಿ ಮನೆಗೆ ಹೋದವರು ಎರಡು ವರ್ಷಕ್ಕೆ ಸಾಮಾನ್ಯ ಕಾಂಗ್ರೆಸ್ ಸದಸ್ಯರಾಗಿ ಮರಳಿದರು. ಹದಿನೇಳು ವರ್ಷ ಗುಲಾಮಗಿರಿಯ ವಿರುದ್ಧ ಬಂದ ಅರ್ಜಿಗಳನ್ನು ಸದನದಲ್ಲಿ ಎತ್ತಿ ಹಿಡಿದರು. 1848ರಲ್ಲಿ ಸದನದಲ್ಲೇ ಕುಸಿದುಬಿದ್ದು, ಅದೇ ಕಟ್ಟಡದಲ್ಲಿ ಪ್ರಾಣ ಬಿಟ್ಟರು. ಅಧ್ಯಕ್ಷಗಿರಿಗಿಂತ ಈ ಹದಿನೇಳು ವರ್ಷವೇ ಅವರ ದೊಡ್ಡ ಕೆಲಸ ಅಂತ ನನ್ನ ಅಭಿಪ್ರಾಯ.

ಕೊನೆಗೆ ಗ್ರಾಂಟ್. ಅಂತರ್ಯುದ್ಧಕ್ಕೆ ಮೊದಲು ಈ ಮನುಷ್ಯ ಸೈನ್ಯ ಬಿಟ್ಟು, ಬೇಸಾಯ ಕೈಕೊಟ್ಟು, ಸೇಂಟ್ ಲೂಯಿಸ್ ಬೀದಿಗಳಲ್ಲಿ ಸೌದೆ ಮಾರುತ್ತಿದ್ದರು. 1857ರ ಕ್ರಿಸ್ಮಸ್‌ಗೆ ಎರಡು ದಿನ ಮುಂಚೆ ಚಿನ್ನದ ಗಡಿಯಾರವನ್ನು 22 ಡಾಲರ್‌ಗೆ ಅಡವಿಟ್ಟರು. ಹನ್ನೊಂದೇ ವರ್ಷಕ್ಕೆ ಅಧ್ಯಕ್ಷರಾಗಿ ಆಯ್ಕೆಯಾದರು. ಎರಡು ಅವಧಿ ಮುಗಿಸಿ, ಲೋಕ ಸುತ್ತಿ, 1879ರಲ್ಲಿ ಮುಂಬಯಿ, ಆಗ್ರಾ, ಕಲ್ಕತ್ತಾವನ್ನೂ ನೋಡಿ ಹೋದರು. ಊರಿಗೆ ಮರಳಿದ ಮೇಲೆ ಪಾಲುದಾರನೊಬ್ಬ ಮೋಸ ಮಾಡಿದ. 1884ರಲ್ಲಿ ಇದ್ದದ್ದೆಲ್ಲ ಹೋಯಿತು. ಮಾಜಿ ಅಧ್ಯಕ್ಷರಿಗೆ ಆಗ ಪಿಂಚಣಿ ಇರಲಿಲ್ಲ, ಅದು ಬಂದದ್ದು 1958ರಲ್ಲಿ. ಹಣ ಹೋದ ಆ 1884ರಲ್ಲೇ ಗಂಟಲಿನ ಕ್ಯಾನ್ಸರ್ ಗೊತ್ತಾಯಿತು.

ಹೆಂಡತಿ ಜೂಲಿಯಾಗೆ ಏನಾದರೂ ಉಳಿಸಬೇಕು ಅಂತ ಆತ್ಮಕಥೆ ಬರೆಯಲು ಕೂತರು. ಪ್ರಕಟಿಸಲು ಮುಂದೆ ಬಂದವರು ಮಾರ್ಕ್ ಟ್ವೇನ್. ಕೊನೆಕೊನೆಗೆ ಮಾತೇ ನಿಂತುಹೋಗಿತ್ತು, ವೈದ್ಯರಿಗೆ ಹೇಳಬೇಕಾದ್ದನ್ನು ಚೀಟಿಯಲ್ಲಿ ಬರೆದು ಕೊಡುತ್ತಿದ್ದರು. ಬೆಟ್ಟದ ಮೇಲಿನ ಮನೆಯ ಜಗಲಿಯಲ್ಲಿ, ಬೇಸಿಗೆಯಲ್ಲೂ ಕಂಬಳಿ ಹೊದ್ದು ಕೂತಿರುವ ಅವರ ಫೋಟೋಗಳಿವೆ. 1885ರ ಜುಲೈನಲ್ಲಿ ಬರೆದು ಮುಗಿಸಿದರು. 23ರಂದು ತೀರಿಕೊಂಡರು. ಮುಂದಿನ ಫೆಬ್ರವರಿಯಲ್ಲಿ ಜೂಲಿಯಾ ಕೈಗೆ ಮೊದಲ ಚೆಕ್ ಬಂತು, ಎರಡು ಲಕ್ಷ ಡಾಲರ್.